ಇರುವೆ ತಿನ್ನದ ಗೆರೆ

ಕಥೆಗೆ ಮುಂಚೆ ಒಂದು ಚಿತ್ರ. ಕಣ್ಣು ಮುಚ್ಚಿ ನೋಡಿ. ಬೆಳಗಿನ ಬಾಗಿಲು. ಸಾರಿಸಿದ ನೆಲ ಅರ್ಧ ಒಣಗಿದೆ, ಅರ್ಧ ಇನ್ನೂ ಒದ್ದೆ. ಅದರ ಮೇಲೆ ಬಿಳಿಯ ರಂಗೋಲಿ: ಚುಕ್ಕಿಗಳ ಸುತ್ತ ಎಳೆ, ಎಳೆಗಳ ಸುತ್ತ ಅಂಚು, ಅಂಚಿನಲ್ಲಿ ಒಂದು ಹೆಜ್ಜೆಯಷ್ಟು ಬಿಟ್ಟ ಜಾಗ. ಆ ಜಾಗದಲ್ಲಿ ಒಂದು ಇರುವೆ. ಬಾಯಲ್ಲಿ ಅಕ್ಕಿಹಿಟ್ಟಿನ ಒಂದು ಕಣ ಕಚ್ಚಿಕೊಂಡು, ಬೆಳಕನ್ನೇ ಹೊತ್ತ ಹಾಗೆ, ಸುಮ್ಮನೆ ನಿಂತಿದೆ. ಈ ಇರುವೆಯನ್ನು ನೆನಪಿಡಿ. ಇಂದಿನ ಪ್ರವಚನ ಅದರದು. ನಾನು ಬರೀ ಬಾಯಿ.

ಒಂದಾನೊಂದು ಊರು, ಆ ಊರಿಗೊಬ್ಬ ಶ್ರೀಮಂತ. ಅಲ್ಲಿ ಬಾಗಿಲನ್ನು ಕಾಯುತ್ತಿದ್ದದ್ದು ಬೀಗವಲ್ಲ, ಗೆರೆ. ಗೆರೆಯಜ್ಜಿ ಎಂಬ ಮುದುಕಿ ಮಂತ್ರ ಹೇಳುತ್ತಾ ಮುಕ್ಕೋನ ಎಳೆದರೆ ಕಳ್ಳನ ಕಾಲು ಅಲ್ಲೇ ನಿಲ್ಲುತ್ತಿತ್ತು. ಚೌಕ ಎಳೆದರೆ ಚಾಡಿಕೋರನಿಗೆ ತಂದ ಚಾಡಿ ಮರೆತುಹೋಗುತ್ತಿತ್ತು. ಸುರುಳಿ ಎಳೆದರೆ ಕರೆಯದೆ ಬಂದ ನೆಂಟ ಬಾಗಿಲಲ್ಲೇ ಮೂರು ಸುತ್ತು ಸುತ್ತಿ, ಬಂದ ದಾರಿಯಲ್ಲೇ ವಾಪಸಾಗುತ್ತಿದ್ದ. ನೋಡಿ, ಮುಂದಿನ ಸಾಲಿನಲ್ಲಿ ಯಾರೋ ಆ ಸುರುಳಿಯ ಅಳತೆ ಕೇಳುವ ಹಾಗಿದ್ದಾರೆ!

ಈ ವಿದ್ಯೆಗೆ ಎರಡೇ ಕಟ್ಟಳೆ. ಅಂಚಿನಲ್ಲಿ ಮನೆಯವರು ಓಡಾಡಲು ಒಂದು ಹೆಜ್ಜೆ ಜಾಗ ಬಿಡಬೇಕು. ಗೆರೆಯನ್ನು ಅಕ್ಕಿಹಿಟ್ಟಿನಲ್ಲೇ ಎಳೆಯಬೇಕು. ಅಕ್ಕಿಹಿಟ್ಟೇ ಏಕೆ? ಇರುವೆ ತಿನ್ನಲಿ ಎಂದು. ಬೆಳಗಿನ ಸಿಟ್ಟನ್ನು ಮಧ್ಯಾಹ್ನದೊಳಗೆ ಇರುವೆ ತಿಂದು ಮುಗಿಸಬೇಕು. ನಾಳೆಯೂ ಸಿಟ್ಟಿದ್ದರೆ ನಾಳೆ ಮತ್ತೆ ತಾನೇ ಬಗ್ಗಿ ಹಿಟ್ಟು ಹಿಡಿದು ಅಜ್ಜಿಯಿಂದ ಎಳೆಸಬೇಕು. ಬೆನ್ನು ನೋಯುತ್ತದಲ್ಲ, ಸಿಟ್ಟು ತಾನಾಗಿ ಕಡಿಮೆಯಾಗುತ್ತದೆ.

ಶ್ರೀಮಂತನಿಗೆ ಇದು ಹಿಡಿಸಲಿಲ್ಲ. "ಅಜ್ಜಿ, ದಿನಾ ದಿನಾ ಇರುವೆಗೆ ಊಟ ಹಾಕೋಕೆ ನಾನೇನು ಛತ್ರ ಇಟ್ಟಿದೀನಾ? ಕಲ್ಲಿನ ಪುಡೀಲಿ ಹಾಕು" ಎಂದ. ಅಜ್ಜಿ ಹಣೆ ಚಚ್ಚಿಕೊಂಡು ಹಾಕಿದಳು. ಗೆರೆಗಳು ಹಾಗೆಯೇ ಉಳಿದವು. ಒಂದರ ಪಕ್ಕ ಒಂದು, ಒಂದು ವರ್ಷ ಬೆಳೆದವು.

ಉಳಿದದ್ದು ಆ ಒಂದು ಹೆಜ್ಜೆ ಜಾಗ. ಅವನ ಹೆಂಡತಿ ದಿನವೂ ಅದರ ಮೂಲಕ ಪಕ್ಕದ ಮನೆಗೆ ಒಂದು ಬಟ್ಟಲು ಹೆಪ್ಪು ಕೊಟ್ಟುಬರುತ್ತಿದ್ದಳು. ಹೆಪ್ಪಿನ ಜೊತೆ ಮನೆಯ ಲಕ್ಷ್ಮಿಯೂ ಹೋಗುತ್ತಾಳೆಂದು ಇವನ ಸಂಕಟ. ಒಂದು ಬೆಳಿಗ್ಗೆ ಅಜ್ಜಿಯನ್ನು ಕರೆಸಿದ. "ಈ ಮನೆ ಸಾಮಾನು ಆಚೆ ಸಾಗಿಸೋರು ಯಾರೂ ಇದನ್ನ ದಾಟಬಾರದು. ಮುಚ್ಚು."

"ಯಜಮಾನ್ರೇ, ಒಳಗೆ ಯಾರ್ಯಾರು ಇದಾರೆ ಅಂತ ಒಂದ್ಸಲ ನೋಡ್ಕೊಂಡು ಬನ್ನಿ."

"ಎಲ್ಲಾ ಇದಾರೆ. ನೀನು ಎಳಿ."

ಎಳೆದಳು. ಅಷ್ಟು ಹೊತ್ತಿಗೆ ಹೆಂಡತಿ ಖಾಲಿ ಬಟ್ಟಲು ಹಿಡಿದು ಬೀದಿಯಿಂದ ಬಂದಳು. ಕಾಲೆತ್ತಿದಳು. ಎತ್ತಿದ ಕಾಲು ಮತ್ತೆ ಬೀದಿಯಲ್ಲೇ ಇಳಿಯಿತು. ಇನ್ನೊಮ್ಮೆ ಎತ್ತಿದಳು, ಮತ್ತೆ ಬೀದಿ.

"ಏನೂಂದ್ರೆ, ಇದೇನಿದು?"

"ಏನಿಲ್ಲ ಕಣೇ. ಇವತ್ತೊಂದಿನ ಪಕ್ಕದ ಮನೇಲೇ ಇರು. ನಾಳೆ ನೋಡೋಣ."

"ನಾನು ಇರ್ತೀನಿ. ಅವರ ಬಾಗಿಲಲ್ಲಿ ಅಕ್ಕಿಹಿಟ್ಟು, ಇರುವೆ ಆಗಲೇ ತಿಂದು ಮುಗಿಸಿದೆ. ಒಲೆ ಮೇಲೆ ಅನ್ನ ಇಟ್ಟಿದೀನಿ, ನೀವು ಒಂದ್ಸಲ ತಿರುವಿ ಇಳಿಸ್ಕೊಳ್ಳಿ. ಸೌಟು ಎಲ್ಲಿದೆ ಗೊತ್ತಾ?"

ಗೊತ್ತಿರಲಿಲ್ಲ. ಮೂವತ್ತು ವರ್ಷದ ಸಂಸಾರ. ಸೌಟು ಎಲ್ಲಿದೆ ಎಂದು ಗೊತ್ತಿರಲಿಲ್ಲ! ಒಳಗಿನಿಂದ ಸೀದ ವಾಸನೆ ಬಂತು. ಬೀದಿಯೆಲ್ಲ ಸೇರಿತು. ಇವನು ಅಜ್ಜಿಯ ಕಡೆ ನೋಡಿದ. ಅವಳೆಂದಳು: "ನನ್ನ ಕೈಲಿ ಅಳಿಸೋಕಾಗಲ್ಲ. ಎಳೆಸಿದೋರೇ ಅಂಗೈಲಿ ಒರೆಸಬೇಕು. ಎಲ್ಲಾ ಒಂದಕ್ಕೊಂದು ಹೆಣ್ಕೊಂಡಿದೆ, ಮೊದಲಿಂದ ಒಂದೊಂದು ಎಳೆನೂ ಯಾರಿಗೆ ಅಂತ ಕೂಗಿ ಹೇಳಬೇಕು."

ಶ್ರೀಮಂತ ಹೊಸ್ತಿಲಲ್ಲಿ ಮಂಡಿಯೂರಿದ.

"ಈ ಸುರುಳಿ... ನಿನ್ನ ತಮ್ಮನಿಗೆ."

"ಅಯ್ಯೋ! ಯುಗಾದಿಗೆ ಬಂದೋನು ಬುಗುರಿ ಥರ ಸುತ್ತಿ ಹೋದ. ಪಿತ್ತ ಅಂದ್ಕೊಂಡು ಕಷಾಯ ಕಾಸಿ ಕಳಿಸಿದ್ನಲ್ರೀ!"

"ಇದು ಪುರೋಹಿತರಿಗೆ." ಗುಂಪಿನಲ್ಲಿ ಯಾರೋ ಕೆಮ್ಮಿದರು.

"ಇದು ನಮ್ಮಣ್ಣನಿಗೆ."

"ಯಾಕೆ?"

ಅವನು ಯೋಚಿಸಿದ. ಪುಡಿ ಕೈಯಲ್ಲೇ ತಲೆ ಕೆರೆದುಕೊಂಡ. "ಮರೆತೋಯ್ತು ಕಣೇ."

ಕೇಳಿದಿರಾ? ಕಾರಣ ಮರೆತಿತ್ತು, ಗೆರೆ ಮರೆತಿರಲಿಲ್ಲ. ಇನ್ನು ಕೊನೆಯ ಎಳೆ. ಅವನ ಅಂಗೈ ಅದರ ಮೇಲೇ ನಿಂತಿತು. ಬಟ್ಟಲು ಹಿಡಿದ ಹೆಂಡತಿ ಮೆಲ್ಲಗೆ ಕೇಳಿದಳು: "ಇದು ಯಾರಿಗೆ ರೀ?"

ಇಲ್ಲಿ ಕಥೆಯನ್ನು ಸ್ವಲ್ಪ ನಿಲ್ಲಿಸುತ್ತೇನೆ. ಇಷ್ಟು ಹೊತ್ತು ನಕ್ಕಿರಿ, ಒಳ್ಳೆಯದು. ಈಗ ನಿಮ್ಮ ನಿಮ್ಮ ಬಾಗಿಲಿಗೆ ಹೋಗಿ ಬನ್ನಿ. ಅಲ್ಲಿರುವುದು ಅಕ್ಕಿಹಿಟ್ಟೋ, ಕಲ್ಲಿನ ಪುಡಿಯೋ? ಮದುವೆಯೂಟದಲ್ಲಿ ಎರಡನೆಯ ಪಂಕ್ತಿಗೆ ಕೂರಿಸಿದರೆಂದು ಯಾರ ಮನೆಯ ನೀರು ಬಿಟ್ಟಿದ್ದೀರಿ? ಎಷ್ಟು ವರ್ಷವಾಯಿತು? ಅಂದು ಬಡಿಸಿದ ಪಲ್ಯ ಯಾವುದೆಂದು ನೆನಪಿಲ್ಲ, ಪಂಕ್ತಿ ಮಾತ್ರ ನೆನಪಿದೆ! ಸಿಟ್ಟು ಬೇಡವೆಂದು ನಾನು ಹೇಳುವುದಿಲ್ಲ. ನನಗೇ ಈ ವಯಸ್ಸಿನಲ್ಲಿ ಬರುತ್ತದೆ. ಅಕ್ಕಿಹಿಟ್ಟಿನಲ್ಲಿ ಸಿಟ್ಟಾಗಿ. ಮಧ್ಯಾಹ್ನದ ಎಲೆಯ ಮುಂದೆ ಕೂರುವ ಮೊದಲು ಒಂದು ಎಳೆ ಒರೆಸಿ. ಯಾರ ಹೆಸರಿನದೋ ಅವರ ಮನೆಗೆ ನೀವೇ ಹೋಗಿ, ಆಳನ್ನು ಕಳಿಸಬೇಡಿ. ಕೈಯಲ್ಲಿ ಏನಾದರೂ ಇರಲಿ, ಒಂದು ಬಟ್ಟಲು ಹೆಪ್ಪಾದರೂ ಸಾಕು. ಮತ್ತೆ, ದಯವಿಟ್ಟು, ಸೌಟು ಎಲ್ಲಿದೆ ಎಂದು ಇಂದೇ ಕೇಳಿಕೊಳ್ಳಿ.

ಈಗ ಆ ಹೊಸ್ತಿಲಿಗೆ ಮರಳೋಣ. "ನಿನಗೆ" ಎಂದ ಶ್ರೀಮಂತ. ಅವನ ಅಂಗೈ ಸರಿಯಿತು, ಗೆರೆ ಹೋಯಿತು. ಅವಳು ಕಾಲೆತ್ತಿದಳು. ಕಾಲು ಒಳಗಿಳಿಯಿತು.

ಅವಳು ಅಡಿಗೆಮನೆಗೆ ಹೋದಳು. ಬಟ್ಟಲು ತುಂಬಿಸಿ ತಂದು, ಪುಡಿ ಮೆತ್ತಿದ ಅವನ ಕೈಗಿಟ್ಟಳು.

"ನಿಮ್ಮಣ್ಣನ ಮನೆಗೆ ಕೊಟ್ಟು ಬನ್ನಿ."

"ಈಗಲಾ? ಅವನು ಒಳಗೆ ಬಿಡ್ತಾನೋ ಇಲ್ವೋ!"

"ಅವರ ಬಾಗಿಲಲ್ಲಿ ಹಿಟ್ಟೋ ಪುಡಿಯೋ, ಹೋಗಿ ನೋಡಿ. ಬಂದ್ಮೇಲೆ ಬೇರೆ ಅನ್ನ ಮಾಡಿ ಬಡಿಸ್ತೀನಿ."

ಅವನು ಬಟ್ಟಲು ತುಳುಕದಂತೆ ಬೀದಿಗಿಳಿದ. ಹಿಂತಿರುಗಿ ನೋಡಿದ. "ಕೊಟ್ಟೇ ಬನ್ನಿ" ಎಂದು ಅವಳು ಬಾಗಿಲು ಹಾಕಿಕೊಂಡಳು.