ಬ್ಯಾಡ ಅಂದ್ರೂ ಥ್ಯಾಂಕ್ಸ್

ಹಲೋ… ಹಾಂ, ಅಪ್ಪುಗೆ ಕೂಟದ ನಂಬರೇ ಇದು. ಯಾರ್ರಿ ಮಾತಾಡೋದು?…

ಅಕ್ಷಯ? ಭಾಂಡುಪ್‌ನಿಂದ? ಹಿಂದಿ ಯಾಕ, ಕನ್ನಡದಾಗ ಮಾತಾಡ್ರಿ. ನಿಮ್ಮ ಹಿಂದಿ ನಮ್ಮ ಕಲಬುರಗಿ ಕಡೀದು ಅಂತ ಗೊತ್ತಾಗ್ತದ…

ಹೌದ್ರಿ, ರವಿವಾರ ಸಂಜೀಕ, ಸಾಂತಾಕ್ರೂಜ್‌ನಾಗ ಒಂದು ಹಾಲ್ ಅದ. ಗುರ್ತು ಪರಿಚಯ ಇಲ್ಲದವರು ಕೂಡ್ತೀವಿ, ಒಬ್ಬರನ್ನೊಬ್ಬರು ಅಪ್ಪಿಕೊಂಡು ಸುಮ್ಮ ಕೂತಿರ್ತೀವಿ. ಅಷ್ಟ, ಬ್ಯಾರೆ ಏನೂ ಇಲ್ಲ. ಮೊದಲು ಕೇಳಬೇಕು. ಬ್ಯಾಡ ಅಂದ್ರ ಥ್ಯಾಂಕ್ಸ್ ಅಂದು ಸರೀಬೇಕು. ಮಾರಿ ಗಂಟ ಹಾಕಬಾರದು…

ಎಲ್ಲರಿಗೂ ಕೇಳೋದು, ನಿಮಗೂ ಕೇಳ್ತೀನಿ. ನಿಮ್ಮನ್ನ ಯಾರಾದರೂ ಕಡೀಗೆ ಪ್ರೀತಿಲೇ ಮುಟ್ಟಿದ್ದು ಯಾವಾಗ?…

ಹಾಂ? ಜೋರಾಗಿ ಹೇಳ್ರಿ…

ಹೆಂಡ್ತಿ ತೀರಿಕೊಂಡಾಗ? ಯಾರೋ ಹೆಗಲ ಮ್ಯಾಲ ಕೈ ಇಟ್ಟಿದ್ರು? ಆಮ್ಯಾಲ ಲೋಕಲ್ ಟ್ರೇನ್‌ನಾಗಿನ ಧಕ್ಕಾ ಬಿಟ್ರ ಏನಿಲ್ಲ?…

ಪಾಪ. ಅಳಬ್ಯಾಡ್ರಿ, ದೇವಾನಂದ ಅವರ…

ಹೌದು, ನಿಮ್ಮ ಖರೇ ಹೆಸರ ಹೇಳೀನಿ. ಬಿಲ್ಡಿಂಗ್ ಸೊಸೈಟಿ ಮೀಟಿಂಗ್‌ನಾಗ ಮೈಕ್ ಹಿಡದು ನನಗ ಬೈದ ದನಿ, ಮರೀತೀನೇನು? ನಾನು ಶಿವಕುಮಾರಿ. ನಿಮ್ಮ ಬಿಲ್ಡಿಂಗ್‌ನಾಗ ಗ್ರೌಂಡ್ ಫ್ಲೋರಿನಾಗ ಇದ್ದಾಕಿ. ಆಗ ನನ್ನ ಮನ್ಯಾಗ ಕೂಡ್ತಿದ್ದಿವಿ. ಕಿಡಕಿಯಿಂದ ಫೋಟೋ ತಗದು ಬಿಲ್ಡಿಂಗ್ ಗ್ರೂಪಿಗೆ ಹಾಕಿದವರು ನೀವ, ಹೌದಲ್ಲ? ‘ಇಲ್ಲಿ ಧಂದಾ ನಡೀತದ’ ಅಂತ ಬರದವರೂ ನೀವ, ಹೌದಲ್ಲ?…

ಸೊಸೈಟಿಯವರು ಖಾಲಿ ಮಾಡಿಸಿದ್ರು, ನನ್ನ ಮನಿ ಹೋಯ್ತು, ಹೋಗ್ಲಿ. ಆ ಫೋಟೋದಾಗ ನನ್ನ ಎದಿಗೆ ತಲಿ ಇಟ್ಟಾಕಿ ಹಾಲವ್ವ. ಧಾರಾವ್ಯಾಗ ಚೀಲ ಹೊಲಿದು ಮಗನ್ನ ಬೆಳಿಸಿದಾಕಿ. ಅದ ಮಗ ಫೋಟೋ ನೋಡಿ ಆಕಿ ಮೊಬೈಲ್ ಕಸಗೊಂಡ. ಹೊರಗ ಬಿಡವಲ್ಲ. ಮೊಮ್ಮಗಳನ್ನ ಸೈತ ಮುಟ್ಟಗೊಡಂಗಿಲ್ಲಂತ…

ನಿಮಗ ಗೊತ್ತಿರಲಿಲ್ಲ? ಈಗ ಗೊತ್ತಾತಲ್ಲ…

ತಪ್ಪಾತು ಅಂದ್ರ ಮುಗೀತೇನು? ಮಾಡಿದ್ದುಣ್ಣೋ ಮಾರಾಯ. ನೀವು ಅಳೋದು ಕೇಳಿ ನನಗ ಖುಷಿ ಆಗ್ಲಿಕ್ಹತ್ಯದ, ಸುಳ್ಳ್ಯಾಕ ಹೇಳ್ಲಿ…

ಬರ್ತೀರಿ? ಹಂಗಾರ ನಮ್ಮ ಪದ್ಧತಿ ಪ್ರಕಾರ ಕೇಳ್ರಿ. ‘ಬರಲಾ’ ಅಂತ ಕೇಳ್ರಿ…

ಬ್ಯಾಡ.

ಈಗ ಥ್ಯಾಂಕ್ಸ್ ಅನ್ರಿ…

ಅನ್ರಿ. ನಾನು ಕಾಯ್ತೀನಿ…

ಹಾಂ, ಕೇಳಿಸ್ತು. ಈ ಥ್ಯಾಂಕ್ಸ್ ನನ್ನ ಪಾಲಿಂದು. ಇನ್ನೊಂದು ಹಾಲವ್ವನ ಪಾಲಿಂದು ಅದ. ಆಕಿ ಹೆಸರ ತಗೊಂಡು ಅನ್ರಿ…

ಹಲೋ?… ಹಲೋ, ದೇವಾನಂದ?… ಫೋನ್ ಇಡಬ್ಯಾಡ್ರಿ, ಹಾಲವ್ವಂದು ಬಾಕಿ ಅದ, ಹಲ—