ಜರೆಲ್‌ಗೆ ಮರೆಯೋದನ್ನ ಕಲಿಸಿದ್ದು

…ಸುಳ್ಳಾ? ನಾನಾ? ಟಮಿಕಾ, ಸ್ವರ್ಗದಲ್ಲಿರೋ ನನ್ನ ಅಕ್ಕ ವರ್ನೆಟ್ಟಾಳ ಆಣೆ, ನಿನ್ನ ಅತ್ತೆಯ ಆಣೆ ಕಣಮ್ಮಾ, ಈವತ್ತು ಈ ಬಾಯಿಂದ ಬರೋ ಒಂದೊಂದು ಮಾತೂ ನಿಜ! ಈ ಸೀಮೆಯಲ್ಲಿ ಯಾರನ್ನ ಬೇಕಾದ್ರೂ ಕೇಳು, ರೂಫಸ್ ಅಂದ್ರೆ ಸತ್ಯ, ಸತ್ಯ ಅಂದ್ರೆ ರೂಫಸ್. ಯಾಕೆ ಹಾಗೆ ಹುಬ್ಬು ಏರಿಸ್ತೀಯಾ? ಚರ್ಚಿನಿಂದ ಈಗ ತಾನೇ ಬಂದಿದೀನಿ, ಟೈ ಕೂಡ ಬಿಚ್ಚಿಲ್ಲ. ಇಷ್ಟು ಬೇಗ ಯಾರಾದ್ರೂ ಸುಳ್ಳು ಹೇಳ್ತಾರಾ!

ಮಗಳ ಆ ಸೈಕಲ್ ಬಿಡು. ಬಿಡಮ್ಮಾ, ಅದು ಡಿಕ್ಕಿಗೆ ಹಿಡಿಯಲ್ಲ. ಚಕ್ರ ಬಿಚ್ಚಬೇಕು, ಬಿಚ್ಚೋಕೆ ಪಾನಾ ಬೇಕು, ಪಾನಾ ಎಲ್ಲಿದೆ ಅಂತ ನಾನು ಹೇಳಲ್ಲ. ಹ್ಞಾಂ! ಗಂಡನ್ನ, ನಮ್ಮ ಜರೆಲ್‌ನ ಬಿಟ್ಟು ಹೋಗೋಳು ಹೋಗು, ತಡೆಯೋಕೆ ನಾನ್ಯಾರು? ಹೂಸ್ಟನ್ ಎಲ್ಲೂ ಓಡಿಹೋಗಲ್ಲ. ನಿಮ್ಮಮ್ಮನೂ ಓಡಿಹೋಗಲ್ಲ, ಆ ಮಂಡಿ ಇಟ್ಕೊಂಡು ಎಲ್ಲಿ ಓಡ್ತಾಳೆ ಪಾಪ. ನೋಡು, ನಿನ್ನೆಯಿಂದ ಹೊಗೆಯಲ್ಲಿ ಬೇಯ್ತಾ ಇರೋ ಎದೆಮಾಂಸ ಇದು. ಇಪ್ಪತ್ತೇ ನಿಮಿಷ. ಇಮಾನಿ ಒಳಗೆ ಇನ್ನೂ ಗೊಂಬೆಗಳನ್ನ ಹುಡುಕ್ತಾ ಇದಾಳೆ. ಕೂತ್ಕೋ ಆ ಕುರ್ಚಿಯಲ್ಲಿ.

ಕೂರಲ್ಲ? ನಿಂತೇ ಕೇಳು ಹಾಗಾದ್ರೆ.

ನೀನು ಬಿಟ್ಟು ಹೋಗ್ತಿರೋದು ಎಂಥವನನ್ನ ಅಂತಾದ್ರೂ ಗೊತ್ತಿರಲಿ. ಅವನಿಗೆ ಒಂಬತ್ತು ವರ್ಷ ಇದ್ದಾಗ ಫುಟ್‌ಬಾಲ್ ಓಟ, ಚೆಂಡನ್ನ ಕಂಕುಳಲ್ಲಿ ಅವುಚಿಕೊಂಡು ಓಡೋದು, ಕಲಿಸಿದ್ದು ಯಾರು? ಈ ರೂಫಸ್ ಮಾವ! ಇದೇ ಅಂಗಳ. ಕಂಕುಳಲ್ಲಿ ಒಂದು ಡಜನ್ ಮೊಟ್ಟೆಯ ಚೀಲ ಕೊಟ್ಟೆ. ಅಡ್ಡ ನಿಂತವರು ಆರು ಜನ, ಎಲ್ಲಾ ನಮ್ಮ ಮನೆ ಹುಡುಗರೇ, ಒಬ್ಬೊಬ್ಬ ಒಂದೊಂದು ಬೀರು ಇದ್ದ ಹಾಗೆ. ಬೇಲಿಯಿಂದ ಬೇಲಿಗೆ ಓಡು, ಮೊಟ್ಟೆ ಒಡೀಬಾರದು ಅಂದೆ. ಓಡಿದ ನೋಡು! ಒಬ್ಬನನ್ನ ತಳ್ಳಿ, ಒಬ್ಬನನ್ನ ಸುತ್ತಿ, ಒಬ್ಬನ ಕಾಲ ಸಂದಿಯಲ್ಲಿ ನುಸುಳಿ… ಚೀಲ ಬಿಚ್ಚಿದ್ರೆ ಒಂದೂ ಒಡೆದಿಲ್ಲ. ಆ ಕಂಕುಳ ಬಿಸಿಗೆ ಒಂದು ಮೊಟ್ಟೆ ಮರಿಯಾಗಿತ್ತು!

ಯಾಕೆ ನಗ್ತೀಯಾ? ಆ ಮರಿ ಆಮೇಲೆ ನಾಲ್ಕು ವರ್ಷ ಮೊಟ್ಟೆ ಇಟ್ಟಿತು, ಬೇಕಾದ್ರೆ ಕೋಳಿಯನ್ನೇ ಕೇಳ್ಬಹುದಿತ್ತು, ತಿಂದ್ಬಿಟ್ವಿ.

ಹ್ಞೂಂ, ನಗು. ನೀನು ನಕ್ಕು ಎಷ್ಟು ದಿನ ಆಯ್ತು ಈ ಮನೆಯಲ್ಲಿ.

ಇನ್ನೊಂದು ಕೇಳು. ಆಯ್ಕೆಯ ದಿನ! ದೇಶದ ದೊಡ್ಡ ತಂಡಗಳೆಲ್ಲ ಹುಡುಗರನ್ನ ಹೆಕ್ಕೋ ದಿನ. ನಲವತ್ತು ಜನ ಈ ಚಾವಡಿಯಲ್ಲಿ, ಎಲ್ಲರ ಕಣ್ಣೂ ಒಂದೇ ಫೋನಿನ ಮೇಲೆ. ಟ್ರಿಣ್ ಅಂತು. ಯಾರು ಎತ್ತಿದ್ದು? ನಾನು! ಆ ಕಡೆಯಿಂದ ಕೋಚು, 'ಮಗನೇ, ನಮ್ಮ ಜೊತೆ ಆಡೋಕೆ ತಯಾರಿದೀಯಾ?' ಅಂದ. ನಾನು, 'ಸ್ವಾಮೀ, ಐವತ್ತಾಯ್ತು, ಸೊಂಟ ಸ್ವಲ್ಪ ಹಿಡ್ಕೊಂಡಿದೆ, ಆದ್ರೂ ನಾಳೆ ಬೆಳಗಿನ ಬಸ್ಸಿಗೇ ಬರ್ತೀನಿ' ಅಂದೆ! ನೀನೂ ಇದ್ದೆಯಲ್ಲ ಅಲ್ಲಿ, ಹಳದಿ ಅಂಗಿ ಹಾಕ್ಕೊಂಡು. ವರ್ನೆಟ್ಟಾ ನನ್ನ ತಲೆಗೆ ಸೌಟಲ್ಲಿ ಬಿಟ್ಟಳು. ನಿಜ ತಾನೇ? ನೋಡಿದೆಯಾ, ಒಪ್ಕೊಂಡೆ.

ಇನ್ನು ಅವನ ನೆನಪಿನ ಶಕ್ತಿ… ಅಯ್ಯೋ ದೇವರೇ! ಕಾಲೇಜು ಊಟದ ಮನೆಯಲ್ಲಿ ನೀನು ಯಾರೋ ಗೆಳತಿಗೆ ನಿನ್ನ ಫೋನ್ ನಂಬರ್ ಹೇಳ್ತಿದ್ದೆ, ಅವನು ಹಿಂದಿನ ಮೇಜಿನಲ್ಲಿದ್ದ. ಒಂದೇ ಸಲ ಕೇಳಿದ್ದು. ಮೂರು ವಾರ ಧೈರ್ಯ ಬರಲಿಲ್ಲ ಕತ್ತೆಗೆ, ಆಮೇಲೆ ಫೋನ್ ಮಾಡಿದ. ಒಂದು ಅಂಕಿ ತಪ್ಪಲಿಲ್ಲ! ಇದು ನೀನೇ ನನಗೆ ಹೇಳಿದ್ದು. ತಂಡದ ಆಟದ ಪುಸ್ತಕ ಇಟ್ಟಿಗೆಯಷ್ಟು ದಪ್ಪ, ಆ ಚೆಂಡು ಹಿಡಿದು ಓಡೋನಿಗೆ ಯಾರು ಎಲ್ಲಿ ನಿಲ್ತಾರೆ, ಯಾವ ಸಂದು ಯಾವಾಗ ತೆರೆಯುತ್ತೆ, ಎಲ್ಲಾ ಬಾಯಿಗೆ ಬರಬೇಕು. ಒಂದು ವಾರದಲ್ಲಿ ನುಂಗಿ ನೀರು ಕುಡಿದ.

ಅದೇ ತೊಂದರೆಯಾಯ್ತು ನನಗೆ.

ಯಾಕೆ ಅಂತೀಯಾ? ಇದು ಯಾರಿಗೂ ಹೇಳಿಲ್ಲ, ನಿನಗೆ ಹೇಳ್ತೀನಿ. ನನ್ನ ಜೀವನದ ಅತಿ ದೊಡ್ಡ ಉಪಾಯ! ಪ್ರತಿ ಜುಲೈ, ಆಟ ಶುರುವಾಗೋ ಮುಂಚೆ, ತಂಡದ ಡಾಕ್ಟರು ಕಂಪ್ಯೂಟರ್ ಮುಂದೆ ಕೂರಿಸಿ ಹನ್ನೆರಡು ಪದ ತೋರಿಸ್ತಾನೆ. ಸೇತುವೆ, ನಿಂಬೆ, ಕುದುರೆ, ಚಮಚ… ಹಿಂಗೆ. ಸ್ವಲ್ಪ ಹೊತ್ತು ಬಿಟ್ಟು, ಎಷ್ಟು ನೆನಪಿದೆ ಅಂತಾನೆ. ಆ ಅಂಕ ಬರೆದಿಟ್ಕೋತಾನೆ. ಆಮೇಲೆ ಆಟದಲ್ಲಿ ತಲೆಗೆ ಪೆಟ್ಟು ಬಿತ್ತಾ, ಮತ್ತೆ ಅದೇ ಥರದ ಪರೀಕ್ಷೆ. ಅಂಕ ಇಳಿದಿದ್ರೆ ಕೂತ್ಕೋ. ಜುಲೈನಷ್ಟೇ ಇದ್ರೆ ತಲೆ ಸರಿಯಿದೆ, ಹೋಗಿ ಆಡು. ಅಲ್ಲಿ ಎರಡು ವಾರ ಬೆಂಚಿನ ಮೇಲೆ ಕೂತವನ ಜಾಗಕ್ಕೆ ಆಗಲೇ ಇನ್ನೊಬ್ಬ ಬಂದಿರ್ತಾನೆ, ಟಮಿಕಾ. ಓಡೋ ಆಟಗಾರ ಇಪ್ಪತ್ತೆಂಟಕ್ಕೆ ಮುದುಕ. ಕೂರೋಕೆ ಪುರುಸೊತ್ತೆಲ್ಲಿ?

ಅದಕ್ಕೆ ನಾನು ಹೇಳಿದೆ, 'ಲೋ, ಜುಲೈನಲ್ಲಿ ದಡ್ಡನಾಗು! ಹನ್ನೆರಡರಲ್ಲಿ ಐದೇ ಹೇಳು. ಆಮೇಲೆ ಗೂಳಿ ಬಂದು ತಲೆಗೆ ಗುದ್ದಿದ್ರೂ ಐದು ಹೇಗೂ ಬರುತ್ತೆ.' ಹೇಗಿದೆ ಉಪಾಯ? ಆದ್ರೆ ಬಡ್ಡೀಮಗನಿಗೆ ಮರೆಯೋಕೇ ಬರ್ತಿರಲಿಲ್ಲ! ಇದೇ ಅಡುಗೆಮನೆ ಮೇಜಲ್ಲಿ ನಾನು ಓದೋದು, ಅವನು ಹನ್ನೆರಡೂ ಒಪ್ಪಿಸೋದು, ಅದೂ ವರಸೆ ತಪ್ಪದೆ, ಆಮೇಲೆ ಹಿಂದಿನಿಂದ ಮುಂದಕ್ಕೆ! 'ಅಯ್ಯೋ ಮುಠ್ಠಾಳ, ಮರಿಯೋ!' ಅಂತ ನಾನು, 'ಆಗ್ತಿಲ್ಲ ಮಾವ!' ಅಂತ ಅವನು. ಹೊಟ್ಟೆ ಹಿಡ್ಕೊಂಡು ನಗ್ತಿದ್ವಿ. ಮರೆಯೋದನ್ನ ಕಲಿಸೋಕೆ ಎರಡು ವಾರ ಹಿಡೀತು.

ಯಾಕೆ ಹಾಗೆ ತಲೆ ಆಡಿಸ್ತೀಯಾ? ತಪ್ಪೇನಿದೆ ಅದ್ರಲ್ಲಿ? ಎಷ್ಟೋ ಜನ ಮಾಡ್ತಾರೆ.

ಮೂರನೇ ವರ್ಷ, ಹಿಮ ಬೀಳ್ತಿತ್ತು, ನೂರ ಎಂಬತ್ತೇಳು ಗಜ ಓಡಿದನಲ್ಲ, ಆ ಆಟ! ಇಬ್ಬರು ಎರಡು ಕಡೆಯಿಂದ ಬಂದು ಹೊಡೆದ್ರು. ಸದ್ದು ನನಗೆ ಟೀವಿಯಲ್ಲಿ ಕೇಳಿಸ್ತು. ಎದ್ದ. ಎದ್ದು ನೆಟ್ಟಗೆ ಹೋಗಿ ಎದುರಾಳಿಗಳ ಗುಂಪಿನಲ್ಲಿ ನಿಂತ್ಕೊಂಡ! ಅವರು ತಲೆ ಕೂಡಿಸಿ ಗುಟ್ಟು ಮಾತಾಡ್ತಿದ್ರೆ ಇವನೂ ತಲೆ ತೂರಿಸಿ ಹ್ಞೂಂಗುಟ್ತಾ ಇದಾನೆ! ಊರೆಲ್ಲ ನಕ್ಕಿತು. ನಾನಂತೂ ಬೇಹುಗಾರಿಕೆಗೆ ಹೋಗಿದ್ದ ಅಂತ ಸಾರಿದೆ. ಮಾರನೇ ದಿನ ಪರೀಕ್ಷೆ, ಐದು ಪದ. ಜುಲೈನಲ್ಲೂ ಐದು. ಭಾನುವಾರ ಮತ್ತೆ ಮೈದಾನದಲ್ಲಿ! ಇದೇ ಕೈ ಎತ್ತಿ ಕುಣಿದೆ ನಾನು…

ನೀನು ನಗ್ಲಿಲ್ಲ. ಆಗಲೂ ನಗ್ಲಿಲ್ಲ ನೀನು, ನೆನಪಿದೆ.

ಐದನೇ ವರ್ಷ ಇನ್ನೂ ಚೆನ್ನಾಗಿತ್ತು. ಜುಲೈಗೆ ಬಂದ. ಇಮಾನಿ ಆಗ ಅಂಬೆಗಾಲು ಬಿಟ್ಟು ನಿಂತ್ಕೊಳ್ತಿದ್ಲು, ಹೊಸದಾಗಿ ಮಾತು. ಅಭ್ಯಾಸ ಮಾಡೋಣ ಅಂತ ಕೂರಿಸಿ ಓದಿದೆ. ನಾಲ್ಕೇ ಹೇಳಿದ! ಎಷ್ಟು ಸಹಜವಾಗಿ! ಹಣೆ ಉಜ್ಜಿಕೊಂಡು, ಚಾವಣಿ ನೋಡಿ… 'ಭಪ್ಪರೇ! ಎಂಥಾ ನಟನೋ!' ಅಂದೆ. ಅವನೂ ಜೋರಾಗಿ ನಕ್ಕ. ಹೋಗಿ ಇನ್ನೂ ಎರಡು ವರ್ಷ ಆಡಿ ಬಂದ. ಆರು ವರ್ಷ, ತಾಯಿ! ಅರ್ಧಕ್ಕರ್ಧ ಹುಡುಗರು ಮೂರಕ್ಕೇ ಮನೆಗೆ ಬಂದಿರ್ತಾರೆ.

ಏನು? ಮಂಗಳವಾರದ್ದಾ?

ಮಂಗಳವಾರದ್ದು ಈಗ ಯಾಕೆ… ಗೊತ್ತಮ್ಮಾ. ಮಗು ಈಜುಕೊಳದ ಬಾಗಿಲಲ್ಲಿ ಒದ್ದೆ ಕೂದಲಲ್ಲಿ ಎರಡು ಗಂಟೆ ನಿಂತಿದ್ಲು, ಅಪ್ಪ ಬರಲಿಲ್ಲ. ಗೊತ್ತು. ಆವತ್ತೇ ಹೇಳಿದೆನಲ್ಲ, ನಾನೂ ಅವನೂ ಮೀನು ಹಿಡಿಯೋಕೆ… ಯಾವ ಕೆರೆ ಅಂದ್ರೆ… ಎಷ್ಟು ಮೀನು ಅಂದ್ರೆ…

ಇಲ್ಲ. ಬೇರೆ ದಿನವಾಗಿದ್ರೆ ದೋಣಿಯಷ್ಟು ದೊಡ್ಡ ಮೀನು ಹಿಡಿದು ತೋರಿಸ್ತಿದ್ದೆ ನಿನಗೆ. ಅಕ್ಕನ ಆಣೆ ಇಟ್ಟಿದೀನಿ ಈವತ್ತು.

ಅತ್ತ ಯಾಕೆ ನೋಡ್ತೀಯಾ? ಜರೆಲ್ ಹುಲ್ಲು ಕತ್ತರಿಸ್ತಿದಾನೆ ಅಷ್ಟೇ. ಒಳ್ಳೆ ಕೆಲಸಗಾರ, ಭಾನುವಾರವೂ ಬಿಡಲ್ಲ. ಹೌದು… ಆ ಪಟ್ಟಿ ಆಗಲೇ ಕತ್ತರಿಸಿದ್ದ. ಹೌದು, ಮೂರನೇ ಸಲ. ಅಲ್ಲಿ ಸ್ವಲ್ಪ ಹುಲ್ಲು ಜಾಸ್ತಿ ಬೆಳೆಯುತ್ತೆ, ಬಚ್ಚಲ ನೀರು ಹರಿಯುತ್ತಲ್ಲ…

ಟಮಿಕಾ? ಬಯ್ಯಿ. ಸುಳ್ಳ ಅನ್ನು, ಯಾವಾಗ್ಲೂ ಅಂತೀಯಲ್ಲ.

ಹಾಗೆ ನೋಡ್ಬೇಡ ತಾಯಿ.

ಮೀನು ಹಿಡಿಯೋಕೆ ಹೋಗಿರಲಿಲ್ಲ. ಒಂದು ಸಲವೂ ಹೋಗಿಲ್ಲ. ಮಂಗಳವಾರ ಅವನು ಹಳೇ ಹೈಸ್ಕೂಲ್ ಮೈದಾನದ ಗೇಟ್ ಹತ್ರ ಕಾರು ನಿಲ್ಲಿಸ್ಕೊಂಡು ಕೂತಿದ್ದ. ಇಂಜಿನ್ ಓಡ್ತಾನೇ ಇತ್ತು. 'ಮಾವ, ಯಾರನ್ನೋ ಕರ್ಕೊಂಡು ಬರಬೇಕಿತ್ತು' ಅಂದ. ಅತ್ತ. 'ಅವಳಿಗೆ ಹೇಳ್ಬೇಡ, ಕುಡುಕ ಅಂದ್ಕೊಂಡ್ರೂ ಪರವಾಗಿಲ್ಲ' ಅಂದ. ನಿನ್ನ ಕಣ್ಣಲ್ಲಿ ಅವನನ್ನ ಕುಡುಕ ಮಾಡಿದೆ. ಅವನಿಗೆ ಬೇರೆ ಹೆಂಗಸಿರಬಹುದು ಅಂತ ನೀನು ಕಣ್ಣೀರು ಹಾಕಿದೆಯಲ್ಲ ಈಸ್ಟರ್ ಹೊತ್ತಿಗೆ, ಆಗಲೂ ಸುಮ್ಮನಿದ್ದೆ. ಹೆಂಗಸಿಲ್ಲ. ಕುಡಿತವಿಲ್ಲ. ನಿನ್ನ ಮೇಲೆ, ಮಗು ಮೇಲೆ ಪ್ರೀತಿ ಹೋಗಿದೆ ಅಂದ್ಕೊಂಡು ಹೊರಟಿದೀಯಲ್ಲ, ಅದೂ ಅಲ್ಲ. ಹೋಗೋದಾದ್ರೆ ಹೋಗು, ನಾನು ಪಾನಾ ಕೊಡ್ತೀನಿ. ಆದ್ರೆ ಆ ಕಾರಣಕ್ಕೆ ಹೋಗ್ಬೇಡ.

ಯಾವಾಗಿನಿಂದ ಅಂತ ಕೇಳ್ತಿದೀಯಾ? ಬಾಯಿ ಬಿಟ್ಟು ಕೇಳ್ತಿಲ್ಲ ನೀನು, ಆದ್ರೂ ಕೇಳ್ತಿದೀಯಾ.

ನಾನು ಹೇಳಿದ್ದೆಲ್ಲ ನಿಜ, ಮಗಳೇ. ಮೊಟ್ಟೆ ಕೂಡ ಬೇಕಾದ್ರೆ ನಿಜ. ಒಂದೇ ಒಂದು ಸಣ್ಣ ವಿಷಯ ಸೇರಿಸಿದ್ದೆ… ಐದನೇ ವರ್ಷ, ನಾಲ್ಕು ಪದ ಹೇಳಿ ಜೋರಾಗಿ ನಕ್ಕ ಅಂದೆನಲ್ಲ. ಅವನು ನಗಲಿಲ್ಲ. ಮೇಜಿನ ಅಂಚನ್ನ ಎರಡೂ ಕೈಯಲ್ಲಿ ಹಿಡ್ಕೊಂಡು, 'ಮಾವ, ಈ ಸಲ ನಾನು ನಟಿಸ್ಲಿಲ್ಲ, ಇನ್ನೊಂದ್ಸಲ ಓದು' ಅಂದ. ಓದಿದೆ. ಆರು ಸಲ ಓದಿದೆ. ನಾಲ್ಕು… ಮೂರು… ನಾಲ್ಕು… ಡಾಕ್ಟರಿಗೆ ಹೇಳ್ಲಾ ಅಂತ ಕೇಳಿದ ನನ್ನ, ಚಿಕ್ಕ ಹುಡುಗನ ಥರ.

ನಕ್ಕಿದ್ದು ನಾನು.