ಇನ್‌ಕೇವ್ ಅವರ ಶಾಲಾ ಗಾಡಿಗೆ ಅಡ್ಡ ನಿಂತ ಬಗ್ಗೆ ಬುವಾಲಾಯ್ ಅವರ ಹೇಳಿಕೆ

ನನ್ನ ಹೆಸರು ಬುವಾಲಾಯ್ ಇಂತಚಕ್. ವಯಸ್ಸು ನಲವತ್ತೇಳು. ಕಸುಬು ಶಾಲಾ ವ್ಯಾನ್ ಓಡಿಸುವುದು. ವಾಸ ಉತ್ತರ ಥಾಯ್ಲೆಂಡಿನ ಫಯಾವ್ ಪ್ರಾಂತ್ಯದ ಬಾನ್ ನಾ ಖೆಮ್ ಗ್ರಾಮ. ನನ್ನ ಮೇಲೆ ದಾರಿ ತಡೆದ ದೂರು ಬಂದಿದೆಯೆಂದು ಠಾಣೆಗೆ ಕರೆಸಿದ್ದರಿಂದ ಈ ಮೂಲಕ ತಿಳಿಸುವುದೇನೆಂದರೆ:

ನಮ್ಮ ಶಾಲೆಗೆ ಮಕ್ಕಳನ್ನು ತರುವ ಗಾಡಿಗಳು ಎರಡು. ಒಂದು ನನ್ನದು, ಇನ್ನೊಂದು ಹಿಂಭಾಗಕ್ಕೆ ಚಾವಣಿ ಹಾಕಿ ಸುತ್ತ ಕಬ್ಬಿಣದ ಸರಳು ಕೂರಿಸಿದ ಇನ್‌ಕೇವ್ ಅವರ ಹಳೆಯ ಪಿಕಪ್. ಶಾಲಾ ಗಾಡಿಗೆ ಪ್ರತಿ ಶೈಕ್ಷಣಿಕ ಅವಧಿಗೂ ಸಾರಿಗೆ ಕಚೇರಿಯಲ್ಲಿ ತಪಾಸಣೆ ಮಾಡಿಸಿ ಅನುಮತಿ ಪಡೆಯಬೇಕು. ಈ ಅವಧಿಗೆ ಇನ್‌ಕೇವ್ ಅವರು ಪಡೆದಿರಲಿಲ್ಲ. ಆದರೂ ಕಿತ್ತಳೆ ಬಣ್ಣದ 'ಶಾಲಾ ವಾಹನ' ಹಲಗೆ ಗಾಡಿಯ ಮೇಲೆ ಹಾಗೆಯೇ ಇತ್ತು.

ಅವರು ಕೆಟ್ಟ ಮನುಷ್ಯರಲ್ಲ. ಮೇಲಿನ ಹಳ್ಳಿ ಹುವೈ ಮೋನ್‌ಗೆ ಬರುತ್ತಿದ್ದ ವ್ಯಾನ್ ನಿಂತುಹೋದಾಗ ಅಲ್ಲಿನ ಅಜ್ಜಿಯರು ಅವರ ಮನೆಗೇ ಬಂದು, ಮೊಮ್ಮಕ್ಕಳನ್ನು ಶಾಲೆಗೆ ಕರೆದೊಯ್ಯಿರೆಂದು ಬೇಡಿಕೊಂಡಿದ್ದರು. ಆ ಮಕ್ಕಳನ್ನು ಕೂರಿಸಲೆಂದು ಅವರು ಹಿಂಬಾಗಿಲಿಗೆ ಅಡ್ಡವಾಗಿ ಒಂದು ಬೆಂಚು ಹಾಕಿಸಿ, ಮಕ್ಕಳು ಹತ್ತಿದ ಮೇಲೆ ಬಾಗಿಲಿಗೆ ಹೊರಗಿನಿಂದ ಕೊಕ್ಕೆ ಹಾಕುತ್ತಿದ್ದರು. ಇಳಿಯಲು ಬೇರೆ ದಾರಿ ಇರಲಿಲ್ಲ.

ನಿನ್ನೆ ಸೋಮವಾರ ಬೆಳಿಗ್ಗೆ ಏರುದಾರಿಯಲ್ಲಿ ನಾನು ಅವರ ಹಿಂದೆ ಬರುತ್ತಿದ್ದೆ. ಅವರ ಎಂಜಿನ್ನಿನಿಂದ ಹೊಗೆ ಎದ್ದಿತು. ಅವರು ಇಳಿದು, ನೀರು ಹೊಯ್ದು, ನನಗೆ ಕೈ ಬೀಸಿ ನಕ್ಕರು. ಒಳಗೆ ಮಕ್ಕಳು ಕೆಮ್ಮುತ್ತಿದ್ದರು. ಒಬ್ಬಳು ಸರಳುಗಳ ನಡುವೆ ಮೂಗು ತೂರಿಸಿ ಉಸಿರಾಡುತ್ತಿದ್ದಳು.

ಮಧ್ಯಾಹ್ನ ಮೂರೂವರೆಗೆ, ಶಾಲೆ ಬಿಡುವ ಮೊದಲು, ಒಳಗಿದ್ದ ಇನ್‌ಕೇವ್ ಅವರ ಗಾಡಿ ಹೊರಬರದಂತೆ ನನ್ನ ವ್ಯಾನನ್ನು ಗೇಟಿಗೆ ಅಡ್ಡ ನಿಲ್ಲಿಸಿದ್ದು ನಿಜ. ಗೇಟಿನ ಬಳಿ ಸುಟ್ಟ ಮಾಂಸದುಂಡೆ ಮಾರುವ ಚಂತನಾ ಜಗಳಕ್ಕೆ ಬಂದಳು. ಅವಳ ಮಗಳು ಇನ್‌ಕೇವ್ ಅವರ ಗಾಡಿಯಲ್ಲೇ ಹೋಗುವುದು.

"ಗೊತ್ತು ಬಿಡಕ್ಕ, ನಿನ್ ಗಾಡಿ ತುಂಬಿಸ್ಕೊಳ್ಳೋಕೆ ಈ ನಾಟಕ!" ಎಂದಳು.

ನಾನು ಇನ್‌ಕೇವ್ ಅವರಿಗೆ ಹೇಳಿದೆ: "ಅಣ್ಣ, ಗಾಡಿ ಓಡಿಸ್ತಾ ನಿಮಗೇ ಏನಾದ್ರೂ ಆದ್ರೆ ಆ ಕೊಕ್ಕೆ ತೆಗೆಯೋರು ಯಾರು? ನೀವೇ ಒಳಗೆ ಕೂತು ಇಳಿದು ತೋರಿಸಿ. ಆಗ ನನ್ ಗಾಡಿ ತೆಗೀತೀನಿ."

"ಇಷ್ಟೇನಾ? ನಾನೇನು ಎಮ್ಮೆನಾ, ಕಟ್ಟಿ ಹಾಕೋಕೆ?" ಎಂದು ನಗುತ್ತಲೇ ಹತ್ತಿದರು. ನಾನು ಕೊಕ್ಕೆ ಹಾಕಿದೆ.

ಅವರು ಬೆಂಚು ತಳ್ಳಿದರು. ಸರಳುಗಳ ಸಂದಿಯಿಂದ ಕೈ ಚಾಚಿದರು. ಕೈ ಕೊಕ್ಕೆಯವರೆಗೆ ಬರಲಿಲ್ಲ. ಭುಜ ತೂರಿಸಿದರು, ಸಿಕ್ಕಿಕೊಂಡಿತು. ಗೇಟಿನ ಬಳಿ ಸೇರಿದ್ದ ಜನ ಮೊದಲು ನಕ್ಕರು. ಆಮೇಲೆ ಯಾರೂ ನಗಲಿಲ್ಲ. "ತೆಗಿಯಮ್ಮ, ಸಾಕು" ಎಂದರು. ನಾನು ತೆಗೆಯುವ ಮೊದಲೇ ಚಂತನಾ ಓಡಿಬಂದು ಕೊಕ್ಕೆ ಎಳೆದಳು. ಬೆಂಚಿನ ಭಾರಕ್ಕೆ ಅದು ಬಿಗಿದುಕೊಂಡಿತ್ತು. ಅವಳು ಎರಡು ಕೈಯಿಂದ ಎಳೆಯುತ್ತಾ ಅಳತೊಡಗಿದಳು. ಕೊನೆಗೆ ನಾವಿಬ್ಬರೂ ಸೇರಿ ತೆಗೆದೆವು.

ಇನ್‌ಕೇವ್ ಅವರು ಇಳಿದು ಮೋರಿ ಕಟ್ಟೆಯ ಮೇಲೆ ಕುಳಿತರು. "ದಿನಾ ಎರಡು ಸಲ ಹಾಕ್ತಿದ್ನಲ್ಲ" ಎಂದಷ್ಟೇ ಹೇಳಿದರು. ಆಮೇಲೆ ಎದ್ದು, ಕಿತ್ತಳೆ ಹಲಗೆಯನ್ನು ತಾವೇ ಬಿಚ್ಚಿದರು.

ಹತ್ತಿರದ ಮಕ್ಕಳನ್ನು ತಂದೆ ತಾಯಂದಿರು ಮೋಟಾರ್ ಸೈಕಲ್‌ಗಳಲ್ಲಿ ಕರೆದೊಯ್ದರು. ಹುವೈ ಮೋನ್ ಮಕ್ಕಳನ್ನು ನಾನು ಬಿಟ್ಟುಬಂದೆ. ಮನೆಗಳನ್ನು ತೋರಿಸಲು ಇನ್‌ಕೇವ್ ಅವರು ನನ್ನ ಪಕ್ಕದಲ್ಲಿ ಕುಳಿತಿದ್ದರು. ನನ್ನ ಅನುಮತಿ ಪತ್ರದಲ್ಲಿ ಆ ಹಳ್ಳಿಯ ದಾರಿ ಇಲ್ಲ. ಅದೂ ತಪ್ಪಾದರೆ ಬರೆದುಕೊಳ್ಳಿ.

ಇನ್‌ಕೇವ್ ಅವರ ಮೇಲೆ ಕೇಸು ಬೇಕೇ ಎಂದು ಠಾಣೆಯ ಸಾಹೇಬರು ಕೇಳಿದರು. ನನಗೆ ಬೇಡ. ಬೆಂಚು ಕಿತ್ತು ಅವರು ಸಾರಿಗೆ ಕಚೇರಿಗೆ ಹೋಗಿದ್ದಾರೆ. ಎಂಜಿನ್ ಹಳೆಯದು, ಅನುಮತಿ ಸಿಗುವುದು ಕಷ್ಟವೆಂದು ಅಲ್ಲಿಂದ ಫೋನ್ ಮಾಡಿ ಹೇಳಿದರು. ಇಂದು ಹುವೈ ಮೋನ್‌ನಿಂದ ಒಂದು ಮಗುವೂ ಶಾಲೆಗೆ ಬಂದಿಲ್ಲ. ಯಾವ ಗಾಡಿ ಹೋಗಬಾರದು ಎಂಬುದು ಕಾನೂನಿನಲ್ಲಿದೆ, ಅದು ಸರಿಯಾಗಿಯೇ ಇದೆ. ಯಾವ ಗಾಡಿ ಹೋಗುತ್ತದೆ ಎಂದು ನಾನು ಶಾಲೆಯಲ್ಲಿ ಕೇಳಿದೆ, ಸಾರಿಗೆ ಕಚೇರಿಯಲ್ಲಿ ಕೇಳಿದೆ, ಈಗ ಇಲ್ಲಿ ಕೇಳುತ್ತಿದ್ದೇನೆ.

ಹೇಳಿಕೆಯನ್ನು ನನಗೆ ಓದಿ ಹೇಳಿದರು. ನಾನು ಹೇಳಿದಂತೆಯೇ ಇದೆ. ಕೊನೆಯ ಮಾತು ಕೇಸಿಗೆ ಸಂಬಂಧವಿಲ್ಲ, ತೆಗೆಯಲೇ ಎಂದು ಕೇಳಿದರು. ತೆಗೆಯಬೇಡಿ ಎಂದು ಹೇಳಿ ರುಜು ಮಾಡಿದ್ದೇನೆ.

ಸ್ಥಳ: ಬಾನ್ ನಾ ಖೆಮ್ ಠಾಣೆ
ದಿನಾಂಕ: ಜೂನ್ 11, ಬೌದ್ಧ ವರ್ಷ 2567
(ಸಹಿ) ಬುವಾಲಾಯ್ ಇಂತಚಕ್